ಸೋಫಿಯ ಮನಸ್ಸಿನ ಮಾತು ನಮಗೆ ಕೇಳಿಸುವುದಿಲ್ಲ

(ನಮ್ಮ ಹವ್ಯಾಸಿ ನಾಟಕ ತಂಡದ ಭಾನುವಾರದ ಕೂಟದಲ್ಲಿ ಆಡಿದ ಮಾತುಗಳಿವು. ಅಲ್ಲಿ ಪರದೆಯ ಮೇಲೆ ತೋರಿಸಿದ ದೃಶ್ಯಗಳನ್ನು ಇಲ್ಲಿ ಮಾತಿನಲ್ಲೇ ಹೇಳಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಒಲಿವಿಯಾ ಕೋಲ್‌ಮನ್ ಅಂದ ತಕ್ಷಣ ನಿಮ್ಮಲ್ಲಿ ಹೆಚ್ಚಿನವರಿಗೆ ನೆನಪಾಗುವುದು ರಾಣಿ. ನೆಟ್‌ಫ್ಲಿಕ್ಸ್‌ನ 'ದಿ ಕ್ರೌನ್' ನೋಡಿದವರಿಗೆ ಮೂರು ಮತ್ತು ನಾಲ್ಕನೇ ಸೀಸನ್ನಿನ ಎಲಿಜಬೆತ್ ರಾಣಿ. 'ದಿ ಫೇವರಿಟ್' ಸಿನಿಮಾ ನೋಡಿದವರಿಗೆ ಆನ್ ರಾಣಿ. ಆ ಪಾತ್ರಕ್ಕೇ 2019ರ ಫೆಬ್ರವರಿಯಲ್ಲಿ ಅವರಿಗೆ ಆಸ್ಕರ್ ಬಂತು. ಇವತ್ತು ಆ ಇಬ್ಬರು ರಾಣಿಯರನ್ನೂ ಸ್ವಲ್ಪ ಹೊತ್ತು ಪಕ್ಕಕ್ಕೆ ಇಡೋಣ. ನಾನು ಹೇಳಬೇಕು ಅಂತ ಬಂದಿರುವುದು ಸೋಫಿ ಚಾಪ್‌ಮನ್ ಎಂಬ ಹುಡುಗಿಯ ಬಗ್ಗೆ. ಲಂಡನ್ನಿನ ದಕ್ಷಿಣಕ್ಕಿರುವ ಕ್ರೊಯ್ಡನ್‌ನಲ್ಲಿ, ಸಾಲ ಕೊಡುವ ಒಂದು ಕಂಪನಿಯಲ್ಲಿ ಕೆಲಸ ಮಾಡುವ ಹುಡುಗಿ. 'ಪೀಪ್ ಶೋ' ಎಂಬ ಬ್ರಿಟಿಷ್ ಹಾಸ್ಯ ಧಾರಾವಾಹಿಯಲ್ಲಿ ಕೋಲ್‌ಮನ್ ಮಾಡಿದ ಪಾತ್ರ.

ಈ ಧಾರಾವಾಹಿಯನ್ನು ಮೊದಲ ಸಲ ನೋಡಿದಾಗ ನಾನು ಅದರಲ್ಲಿರುವ ಇಬ್ಬರು ಗಂಡಸರನ್ನೇ ನೋಡಿ ನಕ್ಕಿದ್ದೆ. ಎಲ್ಲರೂ ಹಾಗೇ ನೋಡುವುದು. ಎರಡನೇ ಸಲ ನೋಡುವಾಗ ಸೋಫಿ ಬಂದ ಕಡೆಯಲ್ಲೆಲ್ಲ ಕಣ್ಣು ಅವಳ ಮೇಲೇ ನಿಲ್ಲತೊಡಗಿತು. ನಗು ಬಂದ ಜಾಗದಲ್ಲೇ ಹೊಟ್ಟೆಯೊಳಗೆ ಏನೋ ಹಿಂಡಿದ ಹಾಗಾಯಿತು. ಅದು ಹೇಗೆ ಅಂತ ಆಮೇಲೆ ಬಹಳ ದಿನ ಯೋಚಿಸಿದ್ದೇನೆ.

ಮೊದಲು ಕೋಲ್‌ಮನ್ ಎಲ್ಲಿಂದ ಬಂದವರು ಅಂತ ಬೇಗ ಹೇಳಿಬಿಡುತ್ತೇನೆ. ಹುಟ್ಟಿದ್ದು 1974ರಲ್ಲಿ, ನಾರ್ವಿಚ್‌ನಲ್ಲಿ. ಮನೆಯಲ್ಲಿ ಇಟ್ಟ ಹೆಸರು ಸಾರಾ. ನಟರ ಸಂಘದಲ್ಲಿ ಸಾರಾ ಕೋಲ್‌ಮನ್ ಎಂಬ ಹೆಸರಿನವರು ಮೊದಲೇ ಇದ್ದದ್ದರಿಂದ ಒಲಿವಿಯಾ ಆದರು. ಟೀಚರ್ ಆಗೋಣ ಅಂತ ಕೇಂಬ್ರಿಡ್ಜ್‌ನ ಹೋಮರ್ಟನ್ ಕಾಲೇಜಿಗೆ ಸೇರಿದರು. ಆ ಓದು ಮುಗಿಸಲಿಲ್ಲ. ಆದರೆ ಅಲ್ಲಿ 'ಫುಟ್‌ಲೈಟ್ಸ್' ಸಿಕ್ಕಿತು. 1883ರಿಂದ ನಡೆದುಬಂದಿರುವ ವಿದ್ಯಾರ್ಥಿಗಳ ನಾಟಕ ಕ್ಲಬ್ ಅದು. ಜಾನ್ ಕ್ಲೀಸ್, ಸ್ಟೀಫನ್ ಫ್ರೈ, ಎಮ್ಮಾ ಥಾಂಪ್ಸನ್ ಎಲ್ಲ ಅಲ್ಲಿಂದಲೇ ಬಂದವರು. ಮುಂದೆ 'ಪೀಪ್ ಶೋ'ನ ಆ ಇಬ್ಬರು ಗಂಡಸರಾದ ಡೇವಿಡ್ ಮಿಚೆಲ್ ಮತ್ತು ರಾಬರ್ಟ್ ವೆಬ್ ಅಲ್ಲೇ ಪರಿಚಯವಾದರು. ಆಮೇಲೆ ಬ್ರಿಸ್ಟಲ್ ಓಲ್ಡ್ ವಿಕ್ ನಾಟಕ ಶಾಲೆ. 1999ರಲ್ಲಿ ಅಲ್ಲಿಂದ ಹೊರಗೆ ಬಂದರು. ಹೊಟ್ಟೆಪಾಡಿಗೆ ಕಂಡವರ ಮನೆ ಗುಡಿಸಿ ಒರೆಸುವ ಕೆಲಸವನ್ನೂ ಮಾಡಿದ್ದಾರೆ. ಆ ಕೆಲಸ ತನಗೆ ಬಹಳ ಇಷ್ಟವಾಗಿತ್ತು ಅಂತ ಆಸ್ಕರ್ ವೇದಿಕೆಯ ಮೇಲೆ ನಿಂತೇ ಹೇಳಿದರು.

ಅವರು ಟಿವಿಗೆ ಬಂದ ಹೊತ್ತಿನಲ್ಲಿ ಬ್ರಿಟಿಷ್ ಟಿವಿಯ ಹಾಸ್ಯವೇ ಬೇರೆ ದಾರಿ ಹಿಡಿದಿತ್ತು. ಇದು ತಿಳಿಯದೆ ಸೋಫಿ ಅರ್ಥವಾಗುವುದಿಲ್ಲ. ಹಳೇ ಕಾಮಿಡಿಗಳಲ್ಲಿ ಪ್ರತಿ ಜೋಕಿನ ಹಿಂದೆ ಜನ ನಗುವ ಸದ್ದು ಇರುತ್ತಿತ್ತು. ಆ ಸದ್ದು ನಮಗೆ ಒಂದು ಧೈರ್ಯ ಕೊಡುತ್ತದೆ. ಇದು ತಮಾಷೆ, ನಗು, ಯಾರಿಗೂ ಏನೂ ಆಗುವುದಿಲ್ಲ ಅನ್ನುತ್ತದೆ. 1990ರ ದಶಕದ ಕೊನೆಗೆ ಬಂದ ಕೆಲವರು ಆ ಸದ್ದನ್ನು ತೆಗೆದುಹಾಕಿದರು. ಕ್ರಿಸ್ ಮಾರಿಸ್ ಅವರ 'ಬ್ರಾಸ್ ಐ' ಮತ್ತು 'ಜ್ಯಾಮ್' ಎಂಬ ಟಿವಿ ಕಾರ್ಯಕ್ರಮಗಳನ್ನು ನೋಡಿದರೆ ನಗಬೇಕೋ ಹೆದರಬೇಕೋ ಗೊತ್ತಾಗುವುದಿಲ್ಲ. 2001ರಲ್ಲಿ 'ದಿ ಆಫೀಸ್' ಬಂತು. ಅಲ್ಲಿ ಬಾಸ್ ಒಂದು ಜೋಕ್ ಹೇಳಿದ ಮೇಲೆ ಬರುವ ಮೌನವೇ ಜೋಕು. ನೋಡುವವರ ಕೈ ಹಿಡಿದು ನಡೆಸುವವರು ಯಾರೂ ಇಲ್ಲ. ನಗುವುದೋ ಬಿಡುವುದೋ ನೀವೇ ತೀರ್ಮಾನ ಮಾಡಬೇಕು.

ಇಂಥ ಹಾಸ್ಯಕ್ಕೆ ಬೇರೆ ಥರದ ನಟರು ಬೇಕು. ಎಡವಟ್ಟು ಮಾಡುವವನು ಹೇಗೂ ಇರುತ್ತಾನೆ, ಬರವಣಿಗೆಯ ಬಲವೆಲ್ಲ ಅವನ ಕಡೆಗೇ ಇರುತ್ತದೆ. ಆದರೆ ಅವನ ಎಡವಟ್ಟು ಯಾರ ಮೇಲೆ ಬೀಳುತ್ತದೋ ಅವರಿಗೆ ಅದು ನಿಜವಾಗಿ ತಾಗಬೇಕು. ತಾಗದಿದ್ದರೆ ಅದು ಬರೀ ಕುಚೇಷ್ಟೆ ಆಗಿ ಉಳಿಯುತ್ತದೆ. ಕೋಲ್‌ಮನ್ ತಮ್ಮ ಮೊದಲ ಹತ್ತು ವರ್ಷ ಹೆಚ್ಚಾಗಿ ಮಾಡಿದ್ದು ಈ ತಾಗಿಸಿಕೊಳ್ಳುವ ಕೆಲಸವನ್ನೇ.

2000ದಲ್ಲಿ ಬಿಬಿಸಿಯಲ್ಲಿ 'ಬ್ರೂಸರ್' ಅಂತ ಚಿಕ್ಕ ಚಿಕ್ಕ ಪ್ರಹಸನಗಳ ಕಾರ್ಯಕ್ರಮ ಬಂತು. ಮಿಚೆಲ್, ವೆಬ್, ಮಾರ್ಟಿನ್ ಫ್ರೀಮನ್ ಜೊತೆ ಕೋಲ್‌ಮನ್ ಕೂಡ ಇದ್ದರು. ಒಂದೇ ಸೀಸನ್‌ಗೆ ನಿಂತಿತು. 2002ರಲ್ಲಿ 'ದಿ ಆಫೀಸ್'ನ ಎರಡನೇ ಸೀಸನ್ನಿನ ಕೊನೆಯ ಕಂತಿನಲ್ಲಿ ಒಂದು ಪುಟ್ಟ ಪಾತ್ರ ಸಿಕ್ಕಿತು. ಕಾಗದ ವ್ಯಾಪಾರಿಗಳ ಪತ್ರಿಕೆಯಿಂದ ಬಾಸ್ ಡೇವಿಡ್ ಬ್ರೆಂಟ್‌ನ ಸಂದರ್ಶನ ಮಾಡಲು ಬರುವ ವರದಿಗಾರ್ತಿ. ತನ್ನ ಬಗ್ಗೆ ಏನು ಬರೆಯಬೇಕು ಅಂತ ಅವನೇ ಅವಳಿಗೆ ಹೇಳಿಕೊಡಲು ನೋಡುತ್ತಾನೆ. ಅವಳು ಕೂತು ಕೇಳುತ್ತಾಳೆ. ನೋಡಿ, ಆಗಲೇ ಅವರಿಗೆ ಸಿಗುತ್ತಿದ್ದದ್ದು ಕೇಳಿಸಿಕೊಳ್ಳುವವರ ಪಾತ್ರ. ನಮ್ಮ ತಂಡದಲ್ಲಿ ಮಾತು ಕಡಿಮೆ ಇರುವ ಪಾತ್ರ ಬಂದರೆ ಮುಖ ಸಣ್ಣದಾಗುತ್ತದೆ, ಅಲ್ವಾ? ಈ ದೃಶ್ಯವನ್ನು ಒಮ್ಮೆ ನೋಡಿ. ಎದುರಿಗೆ ಕೂತು ಸರಿಯಾಗಿ ಕೇಳುವವರು ಇಲ್ಲದಿದ್ದರೆ ಬ್ರೆಂಟ್‌ನ ಒಂದು ಮಾತಿಗೂ ನಗು ಬರುತ್ತಿರಲಿಲ್ಲ.

ಈಗ 'ಪೀಪ್ ಶೋ'ಗೆ ಬರುತ್ತೇನೆ.

ಚಾನೆಲ್ 4ರಲ್ಲಿ 2003ರ ಸೆಪ್ಟೆಂಬರ್‌ನಲ್ಲಿ ಶುರುವಾಯಿತು. 2015ರವರೆಗೆ ಒಂಬತ್ತು ಸೀಸನ್, 54 ಕಂತು. ಬರೆದವರು ಮುಖ್ಯವಾಗಿ ಜೆಸ್ಸಿ ಆರ್ಮ್‌ಸ್ಟ್ರಾಂಗ್ ಮತ್ತು ಸ್ಯಾಮ್ ಬೇನ್. ಆರ್ಮ್‌ಸ್ಟ್ರಾಂಗ್ ಅವರೇ ಮುಂದೆ 'ಸಕ್ಸೆಶನ್' ಎಂಬ ಟಿವಿ ಧಾರಾವಾಹಿ ಕಟ್ಟಿದವರು. ಕಥೆ ಸರಳ. ಮಾರ್ಕ್ ಮತ್ತು ಜೆರೆಮಿ ಒಂದೇ ಫ್ಲ್ಯಾಟ್‌ನಲ್ಲಿರುವ ಗೆಳೆಯರು. ಮಾರ್ಕ್ ಆಗಿ ಮಿಚೆಲ್, ಜೆರೆಮಿ ಆಗಿ ವೆಬ್. ಮಾರ್ಕ್ ಆಫೀಸಿಗೆ ಹೋಗುವ, ಎಲ್ಲದಕ್ಕೂ ಹಿಂಜರಿಯುವ ಮನುಷ್ಯ. ಜೆರೆಮಿ ದುಡಿಯದೆ, ಸಂಗೀತಗಾರ ಅಂತ ಹೇಳಿಕೊಂಡು ತಿರುಗುವವನು. ಸೋಫಿ ಮಾರ್ಕ್‌ನ ಆಫೀಸಿನವಳು. ಅವಳ ಮೇಲೆ ಅವನಿಗೆ ಆಸೆ.

ಇದರಲ್ಲಿ ಎರಡು ಕಟ್ಟುಪಾಡುಗಳಿವೆ. ಒಂದು, ಎಲ್ಲವನ್ನೂ ಯಾರಾದರೊಬ್ಬ ಪಾತ್ರದ ಕಣ್ಣಿನಿಂದಲೇ ತೋರಿಸುತ್ತಾರೆ. ಮಾರ್ಕ್ ಸೋಫಿಯನ್ನು ನೋಡುತ್ತಿದ್ದರೆ ಕ್ಯಾಮೆರಾನೇ ಮಾರ್ಕ್‌ನ ಕಣ್ಣು. ಸೋಫಿ ನೇರವಾಗಿ ಲೆನ್ಸ್ ನೋಡಿಕೊಂಡು, ಅಂದರೆ ನಮ್ಮನ್ನೇ ನೋಡಿಕೊಂಡು ಮಾತಾಡಬೇಕು. ಇನ್ನೊಂದು, ಮನಸ್ಸಿನೊಳಗಿನ ಮಾತು ನಮಗೆ ಕೇಳಿಸುತ್ತದೆ. ಆದರೆ ಯಾರದ್ದು? ಮಾರ್ಕ್‌ನದ್ದು ಮತ್ತು ಜೆರೆಮಿಯದ್ದು ಮಾತ್ರ. ಸೋಫಿಯ ಮನಸ್ಸಿನ ಮಾತು ನಮಗೆ ಕೇಳಿಸುವುದಿಲ್ಲ.

ಇದರ ಮೇಲೆ ಸ್ವಲ್ಪ ನಿಲ್ಲೋಣ. ಮಿಚೆಲ್‌ಗೆ ಒಂದು ಅನುಕೂಲ ಇದೆ. ಮಾರ್ಕ್ ಬಾಯಲ್ಲಿ ಒಂದು ಹೇಳುತ್ತಾನೆ, ಮನಸ್ಸಿನಲ್ಲಿ ಇನ್ನೊಂದು ಹೇಳಿಕೊಳ್ಳುತ್ತಾನೆ. ಆ ಎರಡರ ನಡುವಿನ ದೂರದಲ್ಲೇ ನಗು ಹುಟ್ಟುತ್ತದೆ. ಅವನು ಎಷ್ಟು ಕೆಟ್ಟದಾಗಿ ನಡೆದುಕೊಂಡರೂ ಒಳಗಿನ ಅಂಜಿಕೆ ನಮಗೆ ಕೇಳಿಸುವುದರಿಂದ ಅಯ್ಯೋ ಪಾಪ ಅನ್ನಿಸುತ್ತದೆ. ನಾವು ಅವನ ತಲೆಯೊಳಗೇ ಕೂತಿರುತ್ತೇವೆ. ಸೋಫಿ ಹೊರಗಿದ್ದಾಳೆ. ಅವಳ ಪರವಾಗಿ ಮಾತಾಡುವ ದನಿ ಇಲ್ಲ. ಇರುವುದು ಮುಖ ಒಂದೇ. ಅದೂ ಎದುರಿಗೆ ಇನ್ನೊಬ್ಬ ನಟನ ಕಣ್ಣಿನ ಬದಲು ಗಾಜಿನ ಲೆನ್ಸ್ ಇರುವಾಗ.

ಅವತ್ತು ಕೂಟದಲ್ಲಿ ಇದನ್ನು ಮಾಡಿಯೇ ನೋಡಿದೆವು. ತಂಡದ ಒಬ್ಬ ಹುಡುಗಿಯನ್ನು ಎದುರಿಗೆ ಕೂರಿಸಿ, ಮೊಬೈಲಿನ ಕ್ಯಾಮೆರಾ ಅವಳ ಮುಖದ ಹತ್ತಿರ ಹಿಡಿದೆ. ಪಕ್ಕದಲ್ಲಿ ನಿಂತ ಹುಡುಗ ಮದುವೆಯ ಮಾತು ಎತ್ತುತ್ತಾನೆ, ಅರ್ಧಕ್ಕೇ ನಿಲ್ಲಿಸುತ್ತಾನೆ. ಅವಳು ಲೆನ್ಸ್ ಬಿಟ್ಟು ಕಣ್ಣು ಸರಿಸಬಾರದು, ಮಾತಾಡಬಾರದು. ಅರ್ಧ ನಿಮಿಷವೂ ಆಗಲಿಲ್ಲ, ಅವಳ ಕಣ್ಣು ಹುಡುಗನ ದನಿ ಬಂದ ಕಡೆಗೆ ಹೊರಳಿತು. ಅದು ಸಹಜ. ಮನುಷ್ಯರ ಮುಖ ನೋಡಿದರೆ ನಮ್ಮ ಮುಖ ತಾನಾಗಿಯೇ ಆಡುತ್ತದೆ. ಗಾಜನ್ನು ನೋಡಿದರೆ ಗಟ್ಟಿಯಾಗುತ್ತದೆ. ಕೋಲ್‌ಮನ್ ಇದನ್ನು ವರ್ಷಗಟ್ಟಲೆ ಮಾಡಿದರು. ಎದುರಿನ ನಟ ಕ್ಯಾಮೆರಾದ ಪಕ್ಕದಲ್ಲೋ ಹಿಂದೆಯೋ ನಿಂತು ಮಾತು ಹೇಳುತ್ತಿದ್ದರೆ, ಇವರು ಗಾಜನ್ನು ಮನುಷ್ಯನೆಂದು ನಂಬಿ, ಅವನಿಂದ ಪ್ರೀತಿ ನಿರೀಕ್ಷಿಸಿ, ಅದು ಸಿಗದೆ ಹೋದಾಗ ನೊಂದುಕೊಳ್ಳಬೇಕು. ಆ ಮುಖ ನಮ್ಮ ಮುಖದಿಂದ ಒಂದು ಗೇಣು ದೂರದಲ್ಲಿರುತ್ತದೆ. ಸುಳ್ಳು ಹೇಳಿದರೆ ತಕ್ಷಣ ಗೊತ್ತಾಗಿಬಿಡುತ್ತದೆ.

ಮೂರನೇ ಸೀಸನ್ನಿನ ಕೊನೆಯನ್ನು ನೋಡಿ. ಮಾರ್ಕ್ ಸೋಫಿಗೆ ಮದುವೆಯ ಪ್ರಸ್ತಾಪ ಮಾಡಬೇಕು ಅಂತ ಉಂಗುರ ಇಟ್ಟುಕೊಂಡು ಕ್ವಾಂಟಾಕ್ ಬೆಟ್ಟಗಳ ಕಡೆ ಪ್ರವಾಸ ಹೋಗಿದ್ದಾನೆ. ಅಲ್ಲಿ ಹೋದ ಮೇಲೆ ತನಗೆ ಅವಳ ಮೇಲೆ ಪ್ರೀತಿಯೇ ಇಲ್ಲ ಅಂತ ಅವನಿಗೆ ಗೊತ್ತಾಗುತ್ತದೆ. ಅಷ್ಟರಲ್ಲಿ ಉಂಗುರ ಅವಳ ಕೈಗೆ ಸಿಕ್ಕಿದೆ. ಅವಳು ಹೂಂ ಅಂದೂಬಿಡುತ್ತಾಳೆ. ಈಗ ಬೇಡ ಅನ್ನಲು ಅವನಿಗೆ ಮುಜುಗರ. ಬರೀ ಮುಜುಗರಕ್ಕೆ ಒಂದು ಮದುವೆ! ಜೋಕು ಇರುವುದು ಅವನ ಮನಸ್ಸಿನ ಗೋಳಿನಲ್ಲಿ, ಅದು ನಮಗೆ ಕೇಳಿಸುತ್ತದೆ. ಆದರೆ ಕಾಣುವುದು ಅವಳ ಮುಖ. ಆ ಮುಖದಲ್ಲಿ ಖುಷಿ ಇದೆ. ಕೋಲ್‌ಮನ್ ಅಲ್ಲಿ ಒಂಚೂರೂ ಕಾಮಿಡಿ ಮಾಡುವುದಿಲ್ಲ. ಕೇಳಿಸುವುದೂ ಕಾಣುವುದೂ ಒಂದಕ್ಕೊಂದು ತಾಳೆಯಾಗುವುದಿಲ್ಲ. ನಾವು ನಗುತ್ತೇವೆ, ನಕ್ಕಿದ್ದಕ್ಕೆ ಮನಸ್ಸು ಚುರುಕ್ ಅನ್ನುತ್ತದೆ.

ಮದುವೆ ನಡೆಯುವುದು ನಾಲ್ಕನೇ ಸೀಸನ್ನಿನ ಕೊನೆಯ ಕಂತಿನಲ್ಲಿ, 2007. ಮಾರ್ಕ್‌ಗೆ ಈ ಮದುವೆ ಬೇಡ. ಬೇಡ ಅನ್ನುವ ಧೈರ್ಯವೂ ಇಲ್ಲ. ಚರ್ಚಿನ ಮೇಲಿನ ಗ್ಯಾಲರಿಯಲ್ಲಿ ಜೆರೆಮಿಯ ಜೊತೆ ಅಡಗಿ ಕೂತಿದ್ದಾನೆ. ಕೆಳಗೆ ನೆಂಟರಿಷ್ಟರು ಕಾಯುತ್ತಿದ್ದಾರೆ. ಜೆರೆಮಿಗೆ ಮೂತ್ರ ತಡೆಯಲು ಆಗುವುದಿಲ್ಲ, ಅಲ್ಲೇ ಮಾಡಿಕೊಳ್ಳುತ್ತಾನೆ. ಹೊಟ್ಟೆ ಹುಣ್ಣಾಗುವಷ್ಟು ನಗು ಬರುವ ದೃಶ್ಯ. ಕೊನೆಗೆ ಮಾರ್ಕ್ ಕೆಳಗಿಳಿದು ಬರಲೇಬೇಕಾಗುತ್ತದೆ, ಮದುವೆ ಆಗಲೇಬೇಕಾಗುತ್ತದೆ.

ಆಗ ಸೋಫಿ ಅಳುತ್ತಿದ್ದಾಳೆ. ಮದುಮಗಳ ಆನಂದಬಾಷ್ಪ ಅದಲ್ಲ. ಈ ಮನುಷ್ಯನಿಗೆ ನಾನು ಬೇಡ ಅಂತ ಊರೆಲ್ಲ ನೋಡುತ್ತಿರುವಾಗ ತಿಳಿದವಳ ಅಳು. ಬಿಳಿ ಬಟ್ಟೆ ಉಟ್ಟು, ಮೂಗು ಕೆಂಪಾಗಿ, ಮುಖ ಪೂರ್ತಿ ಕಲಸಿಹೋಗಿ, ಆ ಅಳುವಿನ ನಡುವೆಯೇ ಮದುವೆಯ ಮಾತುಗಳನ್ನು ಆಡಬೇಕು. ಅವಳನ್ನು ನಮಗೆ ತೋರಿಸುತ್ತಿರುವುದು ಮತ್ತೆ ಅದೇ ಮಾರ್ಕ್‌ನ ಕಣ್ಣು. ಹಾಗಾಗಿ ಅವಳು ಅಳುತ್ತಾ ನೋಡುವುದು ನಮ್ಮನ್ನು. ಮದುವೆಯ ಬೆನ್ನಿಗೇ, ಕಾರಿನಲ್ಲೇ, ಆ ಮದುವೆ ಮುಗಿದುಹೋಗುತ್ತದೆ.

ಅಳುವ ದೃಶ್ಯಗಳು ನಮಗೆ ಹೊಸದಲ್ಲ. ಆದರೆ ಹಾಸ್ಯ ನಾಟಕದ ನಡುವೆ ಹೀಗೆ ಅಳುವುದಕ್ಕೆ ಎಷ್ಟು ಧೈರ್ಯ ಬೇಕು ಅಂತ ವೇದಿಕೆ ಹತ್ತಿದವರಿಗೆ ಗೊತ್ತಿರುತ್ತದೆ. ಸುತ್ತ ಎಲ್ಲರೂ ನಗಿಸುತ್ತಿದ್ದಾರೆ. ಅಳುವಿಗೂ ಸ್ವಲ್ಪ ನಗೆಯ ಬಣ್ಣ ಹಚ್ಚೋಣ, ಮೂಗು ಜೋರಾಗಿ ಸೊರ ಸೊರ ಅನ್ನಿಸೋಣ ಅಂತ ಆಸೆ ಆಗುತ್ತದೆ. ಹಾಗೆ ಮಾಡಿದರೆ ಪ್ರೇಕ್ಷಕರೂ ನಿರಾಳವಾಗುತ್ತಾರೆ. ಕೋಲ್‌ಮನ್ ಪ್ರೇಕ್ಷಕರನ್ನು ನಿರಾಳವಾಗಲು ಬಿಡಲಿಲ್ಲ. ಆ ಕಂತು ಇಷ್ಟು ವರ್ಷ ಕಳೆದರೂ ಮಾಸದೆ ಉಳಿದಿರುವುದು ಇದರಿಂದಲೇ ಅಂತ ನನ್ನ ನಂಬಿಕೆ.

ಬರವಣಿಗೆ ಸೋಫಿಗೆ ಎಲ್ಲ ಕಡೆ ನ್ಯಾಯ ಮಾಡಿದೆ ಅಂತ ನಾನು ಹೇಳುವುದಿಲ್ಲ. ಮೊದಲ ಸೀಸನ್‌ಗಳಲ್ಲಿ ಅವಳು ಹೆಚ್ಚಾಗಿ ಮಾರ್ಕ್‌ನ ಆಸೆಯ ಗುರಿ, ಅಷ್ಟೇ. ಮುಂದೆ ಕುಡಿತ, ಸಿಡುಕು, ಬೇಡದ ಹೊತ್ತಿನಲ್ಲಿ ಬಂದ ಬಸಿರು. ಅವಳನ್ನು ಒಬ್ಬ ಕಿರಿಕಿರಿ ಹೆಂಗಸನ್ನಾಗಿ ಮಾಡಿಬಿಡುವ ಅಪಾಯ ಅಲ್ಲಿ ಇದ್ದೇ ಇತ್ತು. ಅವಳ ಸಿಡುಕಿಗೆ ಒಂದು ಹಿಂದಿನ ಕಥೆ ಇದೆ ಅನ್ನುವುದನ್ನು ಕೋಲ್‌ಮನ್ ಒಂದು ದೃಶ್ಯದಲ್ಲೂ ಮರೆಯಲಿಲ್ಲ. ಐದನೇ ಸೀಸನ್ನಿನ ಸೋಫಿ ಗದರಿದರೆ ಚರ್ಚಿನಲ್ಲಿ ಅತ್ತವಳೇ ಗದರುತ್ತಿದ್ದಾಳೆ ಅನ್ನಿಸುತ್ತದೆ. ಸಂಭಾಷಣೆಯಲ್ಲಿ ಅದು ಇರುವುದಿಲ್ಲ. ಅದು ನಟಿಯ ಲೆಕ್ಕ.

ಅದೇ ವರ್ಷಗಳಲ್ಲಿ ಬೇರೆ ಕೆಲಸಗಳೂ ನಡೆದವು. 2004ರಲ್ಲಿ ಚಾನೆಲ್ 4ರಲ್ಲೇ 'ಗ್ರೀನ್ ವಿಂಗ್'. ಆಸ್ಪತ್ರೆಯ ಕಥೆ, ಆದರೆ ರೋಗಿಗಳಿಗೆ ಅಲ್ಲಿ ಜಾಗವೇ ಇಲ್ಲ. ಇದ್ದಕ್ಕಿದ್ದಂತೆ ದೃಶ್ಯ ನಿಧಾನವಾಗುತ್ತದೆ, ಇದ್ದಕ್ಕಿದ್ದಂತೆ ಓಡುತ್ತದೆ. ಎಲ್ಲರೂ ಹುಚ್ಚುಚ್ಚಾಗಿ ಆಡುವ ಆ ಲೋಕದಲ್ಲಿ ಕೋಲ್‌ಮನ್ ಅವರದು ಹ್ಯಾರಿಯೆಟ್ ಎಂಬ ಸಿಬ್ಬಂದಿ ವಿಭಾಗದ ಹೆಂಗಸು. ನಾಲ್ಕು ಮಕ್ಕಳ ತಾಯಿ. ಸದಾ ಸುಸ್ತು, ಸದಾ ತಡ, ಸದಾ ಏನೋ ಮರೆತವಳ ಹಾಗೆ. ಅಷ್ಟು ಗದ್ದಲದಲ್ಲೂ ಆ ಸುಸ್ತು ನನಗೆ ನಿಜ ಅನ್ನಿಸಿತು. ಮಿಚೆಲ್ ಮತ್ತು ವೆಬ್ ಅವರ ಪ್ರಹಸನಗಳಲ್ಲೂ ಇದ್ದರು. 2010ರಲ್ಲಿ 'ರೆವ್' ಧಾರಾವಾಹಿಯಲ್ಲಿ ಲಂಡನ್ನಿನ ಒಬ್ಬ ಬಡ ಪಾದ್ರಿಯ ಹೆಂಡತಿಯಾದರು. ಅದರ ಬಗ್ಗೆ ಮಾತಾಡಲು ಇನ್ನೊಂದು ಭಾನುವಾರವೇ ಬೇಕು.

ಹಾಸ್ಯದವರಿಗೆ ಗಂಭೀರ ಪಾತ್ರ ಸಿಗುವುದು ಎಲ್ಲ ಕಡೆಯೂ ಕಷ್ಟ. ಇವರಿಗೆ ಆ ಬಾಗಿಲು ತೆರೆದದ್ದು ಕೂಡ ಒಂದು ಕಾಮಿಡಿಯಿಂದಲೇ. 2007ರ 'ಹಾಟ್ ಫಝ್' ಸಿನಿಮಾದಲ್ಲಿ ಪೊಲೀಸ್ ಠಾಣೆಯಲ್ಲಿ ಇರುವ ಒಬ್ಬಳೇ ಹೆಂಗಸು, ಪೋಲಿ ಜೋಕ್ ಹೇಳಿ ನಗುವ ಡೋರಿಸ್, ಅದು ಕೋಲ್‌ಮನ್. ಅದೇ ಠಾಣೆಯ ಇನ್ನೊಬ್ಬ ಪೊಲೀಸನಾಗಿ ಪ್ಯಾಡಿ ಕಾನ್ಸಿಡೈನ್ ನಟಿಸಿದ್ದರು. ಕಾನ್ಸಿಡೈನ್‌ಗೆ ತಾವೇ ಸಿನಿಮಾ ಮಾಡುವ ಹಂಬಲ. ಮೊದಲು 'ಡಾಗ್ ಆಲ್ಟುಗೆದರ್' ಎಂಬ ಕಿರುಚಿತ್ರದಲ್ಲಿ ಕೋಲ್‌ಮನ್‌ಗೆ ಪಾತ್ರ ಕೊಟ್ಟರು. ಅದನ್ನೇ ಬೆಳೆಸಿ 2011ರಲ್ಲಿ 'ಟೈರನೋಸಾರ್' ಮಾಡಿದರು. ಹಳೇ ಬಟ್ಟೆ ಮಾರುವ ದತ್ತಿ ಅಂಗಡಿಯಲ್ಲಿ ಕೆಲಸ ಮಾಡುವ ಹ್ಯಾನಾ ಎಂಬ ದೈವಭಕ್ತ ಹೆಂಗಸು. ಸಿಟ್ಟಿನ ಮುದುಕನೊಬ್ಬ ಓಡಿಬಂದು ಬಟ್ಟೆಗಳ ಹಿಂದೆ ಅಡಗಿ ಕೂತರೆ, ನಿಮಗಾಗಿ ಪ್ರಾರ್ಥನೆ ಮಾಡಲಾ ಅಂತ ಕೇಳುತ್ತಾಳೆ. ಮನೆಯಲ್ಲಿ ಗಂಡ ಅವಳನ್ನು ಹಿಂಸಿಸುತ್ತಾನೆ.

ಈಗ ಹೇಳುವುದನ್ನು ಕೇಳಲು ಹಿತವಾಗಿರುವುದಿಲ್ಲ, ಆದರೂ ಹೇಳಬೇಕು. ಒಂದು ರಾತ್ರಿ ಗಂಡ ಮನೆಗೆ ಬಂದಾಗ ಹ್ಯಾನಾ ಸೋಫಾದ ಮೇಲೆ ಮಲಗಿದ್ದಾಳೆ. ಅವನು ಅವಳ ಮೇಲೆ ಮೂತ್ರ ಮಾಡುತ್ತಾನೆ. ಅವಳಿಗೆ ಎಚ್ಚರ ಇದೆ. ಆದರೂ ನಿದ್ದೆ ಬಂದ ಹಾಗೆ ಬಿದ್ದುಕೊಂಡಿರುತ್ತಾಳೆ.

ಚರ್ಚಿನ ಗ್ಯಾಲರಿ ನೆನಪಾಯಿತಾ? ನಾಲ್ಕು ವರ್ಷದ ಹಿಂದೆ ಅದೇ ಮೂತ್ರಕ್ಕೆ ನಾವು ಬಿದ್ದು ಬಿದ್ದು ನಕ್ಕಿದ್ದೆವು. ಬರೆದವರು ಬೇರೆ, ನಿರ್ದೇಶಕರು ಬೇರೆ, ಒಂದಕ್ಕೂ ಇನ್ನೊಂದಕ್ಕೂ ಸಂಬಂಧ ಇಲ್ಲ. ಆದರೆ ಎರಡು ಕಡೆಯೂ ಅವಮಾನ ಬಂದು ಬೀಳುವುದು ಇದೇ ನಟಿಯ ಪಾತ್ರದ ಮೇಲೆ. ಎರಡು ಕಡೆಯೂ ಮಾತಿನ ಆಸರೆ ಇಲ್ಲದೆ ಮುಖವೇ ಎಲ್ಲವನ್ನೂ ಹೊರಬೇಕು. ಹ್ಯಾನಾಳನ್ನು ನೋಡಿ ಆಗ ಬಹಳ ಜನ ಬೆರಗಾದರು, ಕಾಮಿಡಿ ಮಾಡುತ್ತಿದ್ದವರು ಇದನ್ನು ಹೇಗೆ ಮಾಡಿದರು ಅಂತ. ನನಗೆ ಮಾತ್ರ ಅದು ಸೋಫಿಯ ಮುಂದುವರಿಕೆ ಅಂತಲೇ ಕಾಣುತ್ತದೆ. ಸೋಫಿಯ ಸುತ್ತ ನಗು ಇತ್ತು, ಇಲ್ಲಿ ಆ ನಗುವನ್ನು ತೆಗೆದಿದ್ದಾರೆ. ನೋವು ಮೊದಲೂ ಅಷ್ಟೇ ಇತ್ತು. ಸಂಡ್ಯಾನ್ಸ್ ಚಿತ್ರೋತ್ಸವದಲ್ಲಿ ಆ ನಟನೆಗೆ ವಿಶೇಷ ಪ್ರಶಸ್ತಿ ಬಂತು. 2013ರ ಬಾಫ್ಟಾ ಟಿವಿ ಪ್ರಶಸ್ತಿಗಳಲ್ಲಿ ಒಂದೇ ರಾತ್ರಿ ಎರಡು ಬಂದವು, ಒಂದು ಹಾಸ್ಯಕ್ಕೆ, ಒಂದು ಗಂಭೀರ ಪಾತ್ರಕ್ಕೆ. ಅದೇ ವರ್ಷ 'ಬ್ರಾಡ್‌ಚರ್ಚ್' ಎಂಬ ಟಿವಿ ಧಾರಾವಾಹಿ ಬಂದ ಮೇಲೆ ಅವರ ಹೆಸರು ಗೊತ್ತಿಲ್ಲದವರು ಬ್ರಿಟನ್ನಿನಲ್ಲಿ ಕಡಿಮೆ.

ಮಾತು ಮುಗಿದ ಮೇಲೆ ಇಬ್ಬರು ಪ್ರಶ್ನೆ ಕೇಳಿದರು. ಹಿರಿಯರೊಬ್ಬರು, "ಇಷ್ಟು ನೋವಿನ ವಿಷಯವನ್ನು ಹಾಸ್ಯದಲ್ಲಿ ತರಲೇಬೇಕಾ?" ಅಂದರು. ಒಳ್ಳೆಯ ಪ್ರಶ್ನೆ. ತರಲೇಬೇಕು ಅಂತೇನಿಲ್ಲ. ಆದರೆ ತಂದಮೇಲೆ ನೋಯುವವರನ್ನು ನಿಜವಾಗಿ ನೋಯಲು ಬಿಡಬೇಕು. ಅವರ ನೋವನ್ನೂ ಜೋಕು ಮಾಡಿಬಿಟ್ಟರೆ ಅದನ್ನು ನೋಡಲು ನನಗೆ ಮನಸ್ಸಾಗುವುದಿಲ್ಲ.

ಅವತ್ತು ಮೊಬೈಲಿನ ಎದುರು ಕೂತಿದ್ದ ಹುಡುಗಿ ಕೇಳಿದಳು, "ಸರ್, 54 ಕಂತು ನೋಡಲು ಟೈಮ್ ಇಲ್ಲ. ಒಂದೇ ನೋಡಬೇಕು ಅಂದರೆ ಯಾವುದು?"

ಮದುವೆಯ ಕಂತನ್ನೇ ನೋಡು ಅಂದೆ. ಎರಡು ಸಲ ನೋಡು. ಒಂದು ಸಲ ಎಲ್ಲರ ಹಾಗೆ ನಗುತ್ತಾ ನೋಡು. ಇನ್ನೊಂದು ಸಲ ಸೌಂಡ್ ಪೂರ್ತಿ ತೆಗೆದುಬಿಡು, ಮಾರ್ಕ್‌ನ ಮನಸ್ಸಿನ ಮಾತು ಕೇಳಿಸದ ಹಾಗೆ. ಸೋಫಿ ಬಂದಾಗಲೆಲ್ಲ ಅವಳ ಕಣ್ಣನ್ನೇ ನೋಡು. ಮುಂದಿನ ವಾರ ಬಂದು, ಅವಳು ಏನು ಹೇಳುತ್ತಿದ್ದಳು ಅಂತ ನನಗೆ ಹೇಳು.